ತಳ ನೋಡದೆ ಬಿಡದ ರೇಣುಕವ್ವ

ಬೆಟಗೇರಿ ಬಜಾರದಲ್ಲಿ ರೇಣುಕವ್ವನ ಬೆಣ್ಣೆ-ತುಪ್ಪದ ಅಂಗಡಿಗೂ ನನ್ನ ಬೆಲ್ಲದ ಅಂಗಡಿಗೂ ನಡುವೆ ಇರುವುದು ಒಂದೇ ಗೋಡೆ. ಆ ಗೋಡೆಯನ್ನೂ ಆಕೆ ಪೂರ್ತಿ ನಂಬಿದವಳಲ್ಲ. ಮಳೆಗಾಲಕ್ಕೆ ಮುಂಚೆ ವರ್ಷಕ್ಕೊಮ್ಮೆ ಬೆರಳ ಗೆಣ್ಣಿನಿಂದ ಅದನ್ನು ಉದ್ದಕ್ಕೂ ಬಡಿದು, ಎಲ್ಲಿ ಪೊಳ್ಳು ಬಿದ್ದಿದೆ ಎಂದು ಕಿವಿಗೊಟ್ಟು ಕೇಳುತ್ತಾಳೆ. ಪೊಳ್ಳು ಯಾವಾಗಲೂ ನನ್ನ ಕಡೆಗೇ ಇರುತ್ತದೆ.

ಗಂಡ ಸತ್ತು ಇಪ್ಪತ್ತು ವರ್ಷವಾಯಿತು. ಅಂದಿನಿಂದ ಅಂಗಡಿ ಆಕೆಯದೇ. ಶಿರಹಟ್ಟಿ, ಮುಂಡರಗಿ ಕಡೆಯ ಹಳ್ಳಿಗಳಲ್ಲಿ ಹೆಣ್ಣುಮಕ್ಕಳು ಕಡೆದ ಬೆಣ್ಣೆಯನ್ನು ಮಗ ಮೌನೇಶ ಟೆಂಪೊದಲ್ಲಿ ಒಟ್ಟು ಮಾಡಿಕೊಂಡು ಬರುತ್ತಾನೆ. ಕೆಲವರು ತಾವೇ ಗಡಿಗೆ ಹೊತ್ತು ತರುತ್ತಾರೆ. ಯಾರೇ ತರಲಿ, ರೇಣುಕವ್ವ ಮೊದಲು ಗೋಡೆಯ ಮೊಳೆಗೆ ತೂಗಿಬಿಟ್ಟ ದಬ್ಬಣ ತೆಗೆಯುತ್ತಾಳೆ. ಗೋಣಿಚೀಲ ಹೊಲಿಯುವ ಗೇಣುದ್ದದ ಸೂಜಿ ಅದು. ಅದನ್ನು ಬೆಣ್ಣೆಯ ತಳ ಮುಟ್ಟುವ ತನಕ ಇಳಿಸಿ, ನಿಧಾನಕ್ಕೆ ಎಳೆದು, ಮೂಸಿ, ಉಗುರಿಗೆ ಸವರಿ ನೋಡುತ್ತಾಳೆ. ಒಮ್ಮೆ ಒಂದು ಗಡಿಗೆಯಲ್ಲಿ ದಬ್ಬಣ ಅರ್ಧಕ್ಕೇ ತಡೆಯಿತು. ಕೈಹಾಕಿ ತೆಗೆದರೆ ಬೇಯಿಸಿದ ಆಲೂಗಡ್ಡೆ. ತಂದವಳು, ಅಡಿಗೆಮನೆಯಲ್ಲಿ ಹೇಗೋ ಕೈತಪ್ಪಿ ಬಿದ್ದಿರಬೇಕು ಅಂದಳು.

"ಸಿಪ್ಪಿ ಸುಲಕೊಂಡು ಬಿತ್ತೇನು?" ಎಂದಷ್ಟೇ ಕೇಳಿದಳು ರೇಣುಕವ್ವ.

ನನ್ನ ಬೆಲ್ಲಕ್ಕೂ ಒಂದು ದಿನ ದಬ್ಬಣ ಹಿಡಿದು ಬಂದಿದ್ದಳು. ಬೆಲ್ಲಕ್ಕೆ ಅದು ಇಳಿಯುವುದಿಲ್ಲ ಅಕ್ಕಾರ ಎಂದೆ. ಇಳಿಯದ ಮಾಲಿನ ಮೇಲೆ ಇನ್ನೂ ಹೆಚ್ಚು ಸಂಶಯ ಪಡಬೇಕು ಎಂದು ಹೇಳಿ ಹೋದಳು. ಹೋಗುವಾಗ ಒಂದು ತುಂಡು ಬಾಯಿಗೆ ಹಾಕಿಕೊಂಡಿದ್ದಳು, ಅದು ಪರೀಕ್ಷೆಯ ಭಾಗವೋ ಅಲ್ಲವೋ ಗೊತ್ತಾಗಲಿಲ್ಲ.

ಮಗನಿಗೆ ಹೆಣ್ಣು ನೋಡಲು ಬೆಳ್ಳಟ್ಟಿಗೆ ಹೋದಾಗಲೂ ಅಷ್ಟೆ. ಉಪ್ಪಿಟ್ಟು ಆರಿ ತಣ್ಣಗಾದರೂ ಮುಟ್ಟದೆ, ಹಿಂದೆ ಹೋಗಿ ದನದ ಕೊಟ್ಟಿಗೆ ನೋಡಿ ಬಂದಳು. ಎಮ್ಮೆಯ ಕಾಲಡಿ ಒಣಗಿದ್ದು ಕಂಡ ಮೇಲೆಯೇ ತಟ್ಟೆಗೆ ಕೈಹಾಕಿದ್ದು. ಹಾಗೆ ಆರಿಸಿ ತಂದ ಸೊಸೆ ಕಾಂಚನಾ. ಮದುವೆಯಾದ ಎರಡನೇ ವರ್ಷ ಆಕೆಗೆ ಹೆಣ್ಣುಕೂಸು ಹುಟ್ಟಿತು. ಹೆರಿಗೆ ಸುಸೂತ್ರ. ನಮ್ಮ ಕಡೆಯ ರೂಢಿಯಂತೆ ಬಾಣಂತನ ತವರಿನಲ್ಲಿ, ಐದನೇ ತಿಂಗಳಿಗೆ ತೊಟ್ಟಿಲು ಸಮೇತ ಗಂಡನ ಮನೆಗೆ.

ಈ ರೂಢಿಗೆ ರೇಣುಕವ್ವ ತನ್ನದೊಂದು ಕಟ್ಟಳೆ ಸೇರಿಸಿದ್ದಳು. ತೊಟ್ಟಿಲು ಬರುವ ತನಕ ಅಳಿಯ ಮಾವನ ಮನೆಯಲ್ಲಿ ಮಲಗುವ ಹಾಗಿಲ್ಲ. ಹಗಲು ಹೋಗಿ ಕೂಸು ನೋಡಲಿ, ಹೊತ್ತು ಮುಳುಗುವುದರೊಳಗೆ ಬೆಟಗೇರಿಗೆ ಬಂದಿರಲಿ. ಹಸಿ ಬಾಣಂತಿಗೆ ಮತ್ತೆ ಬಸಿರು ನಿಲ್ಲಬಾರದು ಎಂಬುದು ಲೆಕ್ಕ. ಮೌನೇಶ ಚಾಚೂ ತಪ್ಪದೆ ಪಾಲಿಸಿದ. ಪಾಲಿಸದಿದ್ದರೆ ಟೆಂಪೊದ ಡೀಸೆಲ್ ನೋಡಿಯೇ ಅವ್ವ ಹಿಡಿಯುತ್ತಿದ್ದಳು. ಹೀಗೆ ಮುಂದೆ ಸೊಸೆಯ ಕೊರಳಿಗೆ ಬೀಳಬೇಕಾದ ಕುಣಿಕೆಯನ್ನು ಅತ್ತೆ ತನ್ನ ಕೈಯಾರೆ ಹೊಸೆದಿಟ್ಟಿದ್ದಳು.

ಐದನೇ ತಿಂಗಳು ಬಂತು, ತೊಟ್ಟಿಲು ಬರಲಿಲ್ಲ. ಕಾಂಚನಾಳ ತಾಯಿ ಚನ್ನಮ್ಮ ಫೋನಿನಲ್ಲಿ ಮೊದಲು ಅಮಾವಾಸ್ಯೆ ಎಂದಳು. ಆಮೇಲೆ ಕೂಸಿಗೆ ನೆಗಡಿ ಎಂದಳು. ಆಮೇಲೆ ದಾಯಾದಿಗಳಲ್ಲಿ ಸೂತಕ ಎಂದಳು. ರೇಣುಕವ್ವ ಫೋನು ಇಟ್ಟು ನನ್ನ ಕಡೆ ತಿರುಗಿದಳು.

"ಅಣ್ಣಾರ, ಒಂದು ಕೆಲಸಕ್ಕ ಮೂರು ನೆಪ ಹೇಳವರ ಗಡಿಗ್ಯಾಗ ಆಲೂಗಡ್ಡಿ ಇದ್ದ ಇರತೈತಿ."

ಮರುದಿನ ಹೇಳದೆ ಕೇಳದೆ ಮೌನೇಶನ ಟೆಂಪೊ ಹತ್ತಿ ಬೆಳ್ಳಟ್ಟಿಗೆ ಹೋದಳು. ಅಲ್ಲಿ ನಡೆದದ್ದನ್ನು ಆಕೆಯೇ ನನಗೆ ಹೇಳಿದ್ದು. ಆಕೆ ಬಿಟ್ಟದ್ದನ್ನು ಮೌನೇಶ ಹೇಳಿದ.

ಕಾಂಚನಾ ಒಳಕೋಣೆಯಲ್ಲಿ ಗೋಡೆಗೆ ಒರಗಿ ಕೂತಿದ್ದಳು. ಮುಖ ನೀರು ಹೆಚ್ಚಾದ ಮಜ್ಜಿಗೆಯ ಬಣ್ಣ. ಮಾತಿಗೊಮ್ಮೆ ಕೆಮ್ಮು. ಬಾಣಂತಿ ಐದು ತಿಂಗಳಲ್ಲಿ ಮೈ ತುಂಬಿ ಬರಬೇಕು. ಇವಳು ಬತ್ತಿದ್ದಳು. ಚನ್ನಮ್ಮ ಚಹಾ ಅಂದಳು, ಅವಲಕ್ಕಿ ಅಂದಳು, ಕೂಸನ್ನು ತಂದು ತೊಡೆಯ ಮೇಲೆ ಹಾಕಿದಳು. ರೇಣುಕವ್ವನ ಕಣ್ಣು ತೊಟ್ಟಿಲ ಮೇಲೆ. ಖಾಲಿ ತೊಟ್ಟಿಲಿನ ಹಾಸಿಗೆಯನ್ನು ಆಕೆ ತಳದ ತನಕ ಎತ್ತಿದಳು. ಬಟ್ಟೆಯಲ್ಲಿ ಸುತ್ತಿದ ಎರಡು ಪಟ್ಟಿಗಳು ಸಿಕ್ಕವು. ಔಷಧಿ ಅಂಗಡಿಯಲ್ಲಿ ಸಿಗುವ, ಬಸಿರು ನೋಡುವ ಪಟ್ಟಿಗಳು. ಎರಡರ ಮೇಲೂ ಎರಡೆರಡು ಕೆಂಪು ಗೆರೆ.

ಚನ್ನಮ್ಮ ಬೀಗತಿಯ ಕಾಲು ಹಿಡಿದಳು. ಹೆರಿಗೆಯಾದ ಮೂರನೇ ತಿಂಗಳಿನಿಂದ ಮಗಳಿಗೆ ಬಿಟ್ಟು ಬಿಟ್ಟು ರಕ್ತ ಹೋಗುತ್ತಿತ್ತು. ಬಾಣಂತಿ ಮೈ, ಹೀಗೇ ಇರುತ್ತದೆ ಎಂದುಕೊಂಡಿದ್ದಳು. ವಾಂತಿ ಶುರುವಾದಾಗ ಪಟ್ಟಿ ತರಿಸಿ ನೋಡಿದಳು. ಎರಡು ಗೆರೆ ಕಂಡ ದಿನದಿಂದ ಮಗಳನ್ನು ಹೊಸಿಲು ದಾಟಿಸಿರಲಿಲ್ಲ. ಅಳಿಯ ಒಂದು ರಾತ್ರಿಯೂ ನಿಂತವನಲ್ಲ, ಅದು ಊರಿಗೇ ಗೊತ್ತು. ಟಿ.ವಿ. ರಿಪೇರಿಗೆ ಎರಡು ಸಲ ಬಂದುಹೋದವನ ಮೇಲೆ ಆಕೆಯ ಸಂಶಯ. ಮರ್ಯಾದೆ ಉಳಿಸಿಕೊಳ್ಳಲು ಯಾರನ್ನೂ ಕೇಳದೆ ಬಸಿರು ಇಳಿಸುವ ಗುಳಿಗೆ ತರಿಸಿ ನುಂಗಿಸಿದ್ದಳು. ರಕ್ತ ಕೊಡಗಟ್ಟಲೆ ಹೋಯಿತು. ಮುಗಿಯಿತು ಅಂದುಕೊಂಡಳು. ಹದಿನೈದು ದಿನ ಬಿಟ್ಟು ಇನ್ನೊಂದು ಪಟ್ಟಿ ನೋಡಿದರೆ ಗೆರೆ ಇನ್ನೂ ಕೆಂಪಗಿದೆ.

ಟಿ.ವಿ. ಕೆಟ್ಟದ್ದು ಖರೆ, ಸರಿಯಾಗಿದ್ದೂ ಖರೆ. ಪಾಪ, ಆ ಮನುಷ್ಯ ಮಾಡಿದ್ದು ಅಷ್ಟೇ.

ಕಾಂಚನಾ ಅಳಲಿಲ್ಲ. "ನಾ ಏನೂ ಮಾಡಿಲ್ರಿ ಅತ್ತಿ," ಎಂದು ಒಮ್ಮೆ ಹೇಳಿದಳು. ಎರಡನೇ ಸಲ ಹೇಳಲು ಕೆಮ್ಮು ಬಿಡಲಿಲ್ಲ.

ಬಾಗಿಲಲ್ಲಿ ನಿಂತಿದ್ದ ಮೌನೇಶ ಎಲ್ಲ ಕೇಳಿಸಿಕೊಂಡಿದ್ದ. ಹೊರಗೆ ಹೋಗಿ ಟೆಂಪೊ ಶುರು ಮಾಡಿದ. ಅವ್ವ ಬಂದಾಗ ಮುಖ ನೋಡದೆ, ಕೂಸನ್ನಷ್ಟೇ ತಗೋ, ಉಳಿದದ್ದನ್ನು ಇಲ್ಲೇ ಬಿಡು ಎಂದ. ಉಳಿದದ್ದು ಅಂದರೆ ಹೆಂಡತಿ.

"ಗಾಡಿ ಬಂದ್ ಮಾಡಲೇ," ಎಂದಳು ರೇಣುಕವ್ವ. "ನನಗ ಇನ್ನ ತಳ ಸಿಕ್ಕಿಲ್ಲ."

ಸೊಸೆಯನ್ನೂ ಕೂಸನ್ನೂ ಅಂದೇ ಕರೆತಂದಳು. ಟೆಂಪೊದಲ್ಲಿ ಬೆಣ್ಣೆ ಗಡಿಗೆಗಳಿದ್ದವು, ಕಾಂಚನಾ ಮಲಗಬೇಕಾಗಿತ್ತು, ತೊಟ್ಟಿಲಿಗೆ ಜಾಗ ಆಗಲಿಲ್ಲ. ಆ ಹೊತ್ತಿನಲ್ಲಿ ಅದರ ಖಬರು ಯಾರಿಗಿತ್ತು? ಬಜಾರಕ್ಕಿತ್ತು. ಬಾಣಂತಿ ಬಂದಳು, ತೊಟ್ಟಿಲು ಬರಲಿಲ್ಲ. ಇಲ್ಲಿ ಅದಕ್ಕೆ ಒಂದೇ ಅರ್ಥ, ಹೆಣ್ಣಿನ ನಡತೆಗೆ ಏನೋ ಹತ್ತಿದೆ. ಒಂದು ವಾರ ನನ್ನ ಅಂಗಡಿಗೆ ಬೆಲ್ಲ ಬೇಡದವರೂ ಬಂದರು. ಅಚ್ಚಿನ ಬೆಲ್ಲ ಕೈಯಲ್ಲಿ ಹಿಡಿದು ತಿರುವಿ ತಿರುವಿ, ಕಣ್ಣನ್ನು ಪಕ್ಕದ ಅಂಗಡಿಯ ಹಿಂದಿನ ಮನೆಯ ಮೇಲೆ ಇಟ್ಟು ನಿಲ್ಲುತ್ತಿದ್ದರು.

ಈಗ ರೇಣುಕವ್ವನ ಸಂಶಯದ ಬಗ್ಗೆ ಹೇಳಬೇಕು. ಸೊಸೆಯ ಮೇಲೆ ಆಕೆಗೆ ಸಂಶಯ ಬಂದದ್ದು ಖರೆ. ಆದರೆ ನಮ್ಮಂಥವರ ಸಂಶಯ ಒಬ್ಬರ ಮೇಲೆ ಕೂತರೆ ಅಲ್ಲೇ ಕಾವು ಕೊಡುತ್ತದೆ. ಆಕೆಯದು ಕೂರುವ ಜಾತಿಯದಲ್ಲ. ಮೊದಲು ಪಟ್ಟಿಯ ಮೇಲೇ ಹಾರಿತು. ಆ ಪಟ್ಟಿಯೇ ಕಲಬೆರಕೆ ಇದ್ದರೆ? ಮರುದಿನ ಬೆಣ್ಣೆಯ ಸುತ್ತಾಟಕ್ಕೆ ಮಗನ ಜೊತೆ ತಾನೂ ಹೊರಟಳು. ಒಂದೇ ಕಡೆ ಕೊಂಡರೆ ಸುದ್ದಿಯಾಗುತ್ತದೆಂದು ಲಕ್ಷ್ಮೇಶ್ವರದಲ್ಲಿ ಒಂದು, ಶಿರಹಟ್ಟಿಯಲ್ಲಿ ಒಂದು, ಮುಂಡರಗಿಯಲ್ಲಿ ಒಂದು ಪಟ್ಟಿ ಕೊಂಡಳು. ಮುಂಡರಗಿಯ ಅಂಗಡಿಯವನು ಯಾರಿಗೆ ಬೇಕು ಅಜ್ಜಿ ಎಂದು ಕೇಳಿದ. ಅರವತ್ತೆರಡರ ರೇಣುಕವ್ವ, ನನಗೇ ಎಂದಳು. ಅವನು ಪಟ್ಟಿಯನ್ನು ಕಾಗದದಲ್ಲಿ ಸುತ್ತಿ ಕೊಟ್ಟ.

ಸುಳ್ಳು ಹೇಳಿರಲಿಲ್ಲ. ಒಂದನ್ನು ತನ್ನ ಮೇಲೇ ಪರೀಕ್ಷೆ ಮಾಡಿದಳು. ಒಂದು ಗೆರೆ. ಎರಡನೆಯದನ್ನು ಮಗನ ಕೈಗೆ ಕೊಟ್ಟಳು. ಅವನು ಸಿಟ್ಟಿನಲ್ಲಿದ್ದರೂ ಅವ್ವನಿಗೆ ಎದುರಾಡದೆ ಬಚ್ಚಲಿಗೆ ಹೋಗಿ ಬಂದ. ಅದೂ ಒಂದೇ ಗೆರೆ.

"ನೀ ಬಸರಿಲ್ಲ ಬಿಡು," ಎಂದಳು.

ಮೂರನೆಯದು ಕಾಂಚನಾಳದು. ಹನಿ ಬೀಳುತ್ತಲೇ ಎರಡು ಗೆರೆ, ಕುಂಕುಮ ಎಳೆದ ಹಾಗೆ. ಅಂದರೆ ಪಟ್ಟಿ ಪ್ರಾಮಾಣಿಕ. ಹಾಗಾದರೆ ಗುಳಿಗೆ? ಅಷ್ಟು ರಕ್ತ ಹೋದ ಮೇಲೂ ಬಸಿರು ನಿಂತಿದ್ದರೆ ಹೊಟ್ಟೆ ಕಾಣಬೇಕು. ಹೊಟ್ಟೆ ಬೆನ್ನಿಗೆ ಹತ್ತಿದೆ. ಬಸಿರು ಹೋಗಿದ್ದರೆ ಗೆರೆ ಅಳಿಸಬೇಕು. ಗೆರೆ ಕೆಂಪಾಗಿದೆ. ಇದು ಆಕೆಗೆ ಗೊತ್ತಿದ್ದ ಲೆಕ್ಕವೇ. ಗಡಿಗೆ ಭಾರ ಇದ್ದು ಬೆಣ್ಣೆ ಕಡಿಮೆ ಕಂಡರೆ ಒಳಗೆ ಬೇರೆ ಏನೋ ಇದೆ.

"ಎರಡು ಗೆರಿ ಅಂದ್ರ ಕೂಸು ಅಂತ ನಮಗ ಯಾರು ಹೇಳಿದ್ರೋ ಮೌನೇಶ?" ಎಂದು ಮಗನನ್ನು ಕೇಳಿದಳು.

 ಎಲ್ಲರಿಗೂ ಗೊತ್ತಿರುವ ಮಾತನ್ನು ಯಾರು ಹೇಳಿದರು ಎಂದು ಕೇಳಿದರೆ ಯಾರ ಹೆಸರೂ ಬರುವುದಿಲ್ಲ.

ಮರುದಿನ ಗದಗಿನಲ್ಲಿ ಡಾಕ್ಟರ್ ಸ್ನೇಹಾ ಎಂಬ ಹೆರಿಗೆ ಡಾಕ್ಟರರ ಹತ್ತಿರ ಹೋದರು. ಮೌನೇಶ ಗಾಡಿ ಓಡಿಸಿದ, ಒಳಗೆ ಬರಲು ಒಲ್ಲೆ ಎಂದ. ರೇಣುಕವ್ವ ರಟ್ಟೆ ಹಿಡಿದು ಒಳಗೆ ತಂದಳು. ಡಾಕ್ಟರ್ ಹೊಟ್ಟೆಯ ಸ್ಕ್ಯಾನ್ ಮಾಡಿದರು, ರಕ್ತ ತೆಗೆದರು, ಕೆಮ್ಮು ಕೇಳಿ ಎದೆಯ ಚಿತ್ರವನ್ನೂ ತೆಗೆಸಿದರು. ಸಂಜೆಗೆ ಕೂರಿಸಿ ಹೇಳಿದರು. ಹೊಟ್ಟೆಯಲ್ಲಿ ಕೂಸಿಲ್ಲ. ಗರ್ಭಕೋಶದಲ್ಲಿ ಒಂದು ಗಡ್ಡೆ ಇದೆ. ಎದೆಯ ಚಿತ್ರದಲ್ಲಿ ಎರಡು ಕಡೆ ಬಿಳಿ ಚುಕ್ಕೆ ಇವೆ.

"ಈ ಪಟ್ಟಿಗೆ ಕೂಸು ಕಾಣಂಗಿಲ್ರಿ ಅಜ್ಜಿ," ಎಂದರು. "ಬಸರಾದಾಗ ಕೂಸಿನ ಮಾಸು ರಕ್ತದಾಗ ಒಂದು ಹಾರ್ಮೋನು ಬಿಡತೈತಿ. ಪಟ್ಟಿ ನೋಡೂದು ಅದನ್ನಷ್ಟ. ಹೆರಿಗಿ ಆದ ಮ್ಯಾಲೆ ಮಾಸು ಬೀಳತೈತಿ, ಹಾರ್ಮೋನೂ ಇಳಿದು ಹೋಗತೈತಿ. ಇವರಿಗೆ ಮಾಸಿನ ಒಂದೀಟು ಕಣ ಒಳಗ ಉಳಿದು ಹುಚ್ಚು ಹಿಡಿದಂಗ ಬೆಳದಾವು. ರಕ್ತದಾಗ ಹರದು ಪುಪ್ಪುಸಕ್ಕೂ ಹೋಗ್ಯಾವು. ಇದು ಕ್ಯಾನ್ಸರ್."

ಇದು ಹೆಚ್ಚಾಗಿ ಬರುವುದು, ಕೂಸು ಬೆಳೆಯದೆ ಮಾಸೇ ದ್ರಾಕ್ಷಿ ಗೊಂಚಲಿನ ಹಾಗೆ ಉಬ್ಬುವ ಒಂದು ತಪ್ಪು ಬಸಿರು ಆದವರಿಗೆ. ಗರ್ಭಪಾತ ಆದವರಿಗೂ ಬರಬಹುದು. ಚೆನ್ನಾಗಿ ಹೆತ್ತ ಬಾಣಂತಿಗೆ ಬರುವುದು ಬಹಳ ಅಪರೂಪ, ಹತ್ತಾರು ಸಾವಿರಕ್ಕೆ ಒಬ್ಬಳು. ಹಾಗಾಗಿ ಹೆರಿಗೆಯ ಮೇಲೆ ರಕ್ತ ನಿಲ್ಲದೆ ಹೋದರೂ ಯಾರಿಗೂ ಇದು ನೆನಪಾಗುವುದಿಲ್ಲ. ಗುಳಿಗೆ ನುಂಗಿಸಿದ್ದು ಕೇಳಿ ಡಾಕ್ಟರ್ ಬರೆಯುತ್ತಿದ್ದ ಪೆನ್ನು ಕೆಳಗಿಟ್ಟರು. ಇದರಲ್ಲಿ ಹಾಗೆ ರಕ್ತ ಹೋಗುತ್ತಾ ಹೋಗುತ್ತಾ ಪ್ರಾಣವೇ ಹೋಗಬಹುದಿತ್ತು, ಮುಂದೆ ಯಾರಿಗೂ ಹೀಗೆ ಮಾಡಬೇಡಿ ಎಂದರು. ಆಮೇಲೆ, ಇದು ಔಷಧಿಗೆ ಚೆನ್ನಾಗಿ ಬಗ್ಗುವ ಕ್ಯಾನ್ಸರು, ಪುಪ್ಪುಸಕ್ಕೆ ಹೋಗಿದ್ದರೂ ಬಹಳ ಜನ ಪೂರ್ತಿ ಗುಣವಾಗುತ್ತಾರೆ, ಹುಬ್ಬಳ್ಳಿಯ ದೊಡ್ಡ ಆಸ್ಪತ್ರೆಗೆ ನಾಳೆಯೇ ಹೋಗಬೇಕು ಎಂದರು.

ರೇಣುಕವ್ವನಿಗೆ ಎದ್ದ ಸಂಶಯ ಈಗ ಡಾಕ್ಟರರ ಮೇಲೆ ಹೋಯಿತು. ಕ್ಯಾನ್ಸರೂ ಹೌದು, ಗುಣವೂ ಆಗುತ್ತದೆ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಿ ಕೊಡುವವರನ್ನು ಆಕೆ ಬಜಾರದಲ್ಲಿ ಕಂಡಿರಲಿಲ್ಲ. ಆದರೆ ಆಕೆ ಮೊದಲು ಕೇಳಿದ್ದು ಬೇರೆ ಪ್ರಶ್ನೆ. ಗೋಡೆಗೆ ಆತು ನಿಂತ ಮಗನನ್ನು ಹತ್ತಿರ ಕರೆದು, ಅವನ ಎದುರಿಗೇ ಕೇಳಿದಳು.

"ಡಾಕ್ಟರ್, ಇದು ಯಾವ ಕೂಸಿನ ಮಾಸು?"

"ಯಾವ ಕೂಸಂದ್ರ? ನಿಮ್ಮ ತೊಡಿ ಮ್ಯಾಲೆ ಐತೆಲ್ರಿ, ಇದರದ್ದ."

"ಗಂಡ ಹತ್ರ ಬರದ ಇದು ಆಗತೈತೆ?"

"ಹೆರಿಗಿ ಆಗಿ ತಿಂಗಳುಗಟ್ಟಲೆ ಬಿಟ್ಟ, ವರ್ಷ ಬಿಟ್ಟ ಸೈತ ಬರತೈತಿ. ಇದಕ್ಕ ಯಾರೂ ಬರೂದು ಬೇಕಾಗಿಲ್ಲ."

ರೇಣುಕವ್ವ ಕೂಸನ್ನು ಮಗನ ಕೈಗೆ ಕೊಟ್ಟಳು.  ಕಾಂಚನಾ ಗಂಡನ ಕಡೆ ನೋಡಲೂ ಇಲ್ಲ, ಸೀರೆಯ ಸೆರಗಿನ ಒಂದು ಎಳೆ ಬಿಡಿಸುತ್ತ ಕೂತಿದ್ದಳು. ಮೌನೇಶ ನನಗೆ ಹೇಳಿದ್ದು: "ಅಕಿ ಬೈದಿದ್ರ ಛಲೋ ಇತ್ತು ಕಾಕಾ. ಎಳಿ ಬಿಡಿಸಿದ್ಲು."

ಡಾಕ್ಟರರ ಮಾತಿನ ತಳ ನೋಡುವುದೊಂದು ಬಾಕಿ ಇತ್ತು. ಆಕೆ ಹುಬ್ಬಳ್ಳಿಗೆ ಹೋಗುವ ದಾರಿಯಲ್ಲೇ ಇನ್ನೊಂದು ಕಡೆ, ಗದಗಿನ ಕಾಗದ ತೋರಿಸದೆ, ಸೊಸೆಯ ರಕ್ತವನ್ನು ಪರೀಕ್ಷೆಗೆ ಕೊಡಿಸಿದಳು. ಹುಬ್ಬಳ್ಳಿಯಲ್ಲಿ ಮೂರನೇ ಸಲ ತೆಗೆದರು. ಮೂರೂ ಕಡೆ ಆ ಹಾರ್ಮೋನಿನ ಅಂಕಿ ಹೆಚ್ಚುಕಡಿಮೆ ಒಂದೇ, ಅರವತ್ತು ಸಾವಿರದ ಆಸುಪಾಸು. ಕೂಸು ಹೆತ್ತು ಇಷ್ಟು ದಿನವಾದ ಹೆಂಗಸಿಗೆ ಅದು ಐದರೊಳಗೆ ಇರಬೇಕಂತೆ. ಗಡ್ಡೆಯಿಂದ ಚೂರು ಕತ್ತರಿಸಿ ಪರೀಕ್ಷೆ ಮಾಡುವುದಿಲ್ಲವೇ ಎಂದು ಕೇಳಿದಳು. ಇದನ್ನು ಚುಚ್ಚಿದರೆ ರಕ್ತ ನಿಲ್ಲುವುದಿಲ್ಲ, ಅಂಕಿ ಮತ್ತು ಚಿತ್ರವೇ ಸಾಕು ಎಂದರು ಅಲ್ಲಿಯವರು. ದಬ್ಬಣ ಹಾಕದೆ ತಳ ಹೇಳುವ ಜನರನ್ನು ರೇಣುಕವ್ವ ಜೀವನದಲ್ಲಿ ಮೊದಲ ಸಲ ಕಂಡಳು. ಪೂರ್ತಿ ಒಪ್ಪಲಿಲ್ಲ. ಆದರೆ ಮೂರು ತಕ್ಕಡಿ ಒಂದೇ ತೂಕ ಹೇಳಿದ ಮೇಲೆ ಆಕೆಯೂ ವ್ಯಾಪಾರಿಯೇ.

ಡ್ರಿಪ್ಪಿನಲ್ಲಿ ಔಷಧಿ ಶುರುವಾಯಿತು. ವಾರಕ್ಕೊಮ್ಮೆ ಹುಬ್ಬಳ್ಳಿ. ಔಷಧಿ ಹಾಲಿನಲ್ಲಿ ಬರುತ್ತದೆಂದು ಎದೆಹಾಲು ಬಿಡಿಸಿದರು, ಕೂಸಿಗೆ ಡಬ್ಬಿಯ ಪುಡಿ ಹೇಳಿದರು. ಜಗತ್ತಿನ ಯಾವ ಹಾಲನ್ನೂ ನಂಬದ ರೇಣುಕವ್ವ ಹಾಲಿನ ಪುಡಿಯನ್ನು ನಂಬಬೇಕಾಯಿತು. ಡಬ್ಬಿ ಒಡೆದಾಗಲೆಲ್ಲ ಮೂಗು ಒಳಗೆ ಹಾಕುತ್ತಿದ್ದಳು. ಮೂಗಿನ ತುದಿ ಬೆಳ್ಳಗಿದ್ದರೆ ಅಂದು ಹೊಸ ಡಬ್ಬಿ ಎಂದು ನಮಗೆ ತಿಳಿಯುತ್ತಿತ್ತು. ಕಾಂಚನಾಳ ಕೂದಲು ಉದುರಿತು. ಬಾಯಿ ಹುಣ್ಣಾಗಿ ಗಂಜಿಯೂ ಇಳಿಯದ ದಿನಗಳಿದ್ದವು. ಮೌನೇಶ ಬಚ್ಚಲಿಗೆ ನೀರು ಕಾಯಿಸಿಡುವುದು, ಬಟ್ಟೆ ಒಗೆಯುವುದು ಕಲಿತ. ಹೆಂಡತಿ ಅವನ ಜೊತೆ ಬೇಕಾದಷ್ಟೇ ಮಾತಾಡುತ್ತಿದ್ದಳು, ಬಾಯಿಹುಣ್ಣಿನಿಂದ ಎಂದು ಅವನು ಅಂದುಕೊಳ್ಳುತ್ತಿದ್ದ. ಹುಣ್ಣು ವಾಸಿಯಾದ ಮೇಲೂ ಅಷ್ಟೇ ಮಾತಾಡಿದಳು.

ಅಂಕಿ ಇಳಿಯತೊಡಗಿತು. ಅರವತ್ತು ಸಾವಿರ ಒಂಬತ್ತು ಸಾವಿರವಾಯಿತು, ಎಂಟುನೂರಾಯಿತು, ಎಪ್ಪತ್ತಾಯಿತು. ಇಷ್ಟು ಜಲ್ದಿ ಇಳಿಯುವುದರಲ್ಲಿ ಏನೋ ಮೋಸವಿದೆ ಎಂದು ರೇಣುಕವ್ವ ಮನೆಯಲ್ಲೂ ಪಟ್ಟಿ ಹಿಡಿದು ನೋಡುತ್ತಿದ್ದಳು. ಎರಡನೇ ಗೆರೆ ವಾರ ವಾರಕ್ಕೆ ಮಾಸುತ್ತ ಬಂದು, ಒಂದು ಮಂಗಳವಾರ ಇಲ್ಲವಾಯಿತು. ಮೌನೇಶನಿಗೆ ಹಿಡಿಸಲಾರದಷ್ಟು ಸಂತೋಷ. ಗೆರೆ ಹೋಯಿತಲ್ಲ, ಇನ್ನು ಅವಳಿಗೆ ಆ ಔಷಧಿಯ ಸಂಕಟ ಯಾಕೆ, ನಿಲ್ಲಿಸೋಣ ಎಂದ. ಕಾಂಚನಾಳಿಗೂ ಸಾಕಾಗಿತ್ತು, ಅವಳೂ ತಲೆಯಾಡಿಸಿದಳು. ಬಹಳ ದಿನದ ಮೇಲೆ ಗಂಡಹೆಂಡಿರು ಒಂದು ಮಾತಿಗೆ ಕೂಡಿದ್ದು ಅದೇ ಮೊದಲು.

ಮುರಿದವಳು ರೇಣುಕವ್ವ. ಪಟ್ಟಿಗೆ ಕಾಣದಷ್ಟು ಸಣ್ಣದು ರಕ್ತದಲ್ಲಿ ಇರುತ್ತದೆ, ರಕ್ತದ ಅಂಕಿ ಸರಿಯಾದ ಮೇಲೂ ಇನ್ನೂ ಕೆಲವು ವಾರ ಔಷಧಿ ಕೊಡಬೇಕು ಎಂದು ಹುಬ್ಬಳ್ಳಿಯವರು ಮೊದಲೇ ಹೇಳಿದ್ದರು. ಈ ಮಾತನ್ನು ಮಾತ್ರ ಆಕೆ ಎರಡನೇ ಕಡೆ ಕೇಳಿ ನೋಡಲಿಲ್ಲ. ಇಪ್ಪತ್ತು ವರ್ಷ ತಾನು ಹೇಳುತ್ತ ಬಂದ ಮಾತೇ ಅದಾಗಿತ್ತು.

"ಮ್ಯಾಲಿನ ಬೆಣ್ಣಿ ಛಲೋ ಐತಂತ ದಬ್ಬಣ ಎತ್ತಿಡತಾರೇನಲೇ? ತಳದಾಗ ಇರೂದ ಮೋಸ. ಗಾಡಿ ತಗಿ."

ಔಷಧಿ ಮುಗಿದದ್ದು ಇನ್ನೂ ಆರು ವಾರದ ಮೇಲೆ. ಆಮೇಲೆ ತಿಂಗಳಿಗೊಂದು ಸಲ ರಕ್ತ ನೋಡುವುದು, ಒಂದು ವರ್ಷ ಬಸಿರು ನಿಲ್ಲದ ಹಾಗೆ ಎಚ್ಚರ ವಹಿಸುವುದು. ಬಸಿರಾದರೆ ಅಂಕಿ ಏರುತ್ತದೆ, ಅದು ಕೂಸಿನದೋ ರೋಗದ್ದೋ ಎಂದು ತಿಳಿಯುವುದಿಲ್ಲ. ಆ ವರ್ಷ ಮುಗಿದ ಮೇಲೆ ಬೇಕಾದರೆ ಇನ್ನೊಂದು ಕೂಸು ಹೆರಬಹುದು, ಗರ್ಭಕೋಶ ಇದ್ದಲ್ಲೇ ಇದೆ. ಎರಡನೆಯದು ಯಾವಾಗ ಎಂದು ಬಜಾರದ ಹೆಂಗಸರು ಕೇಳಿದಾಗ ರೇಣುಕವ್ವ, ನಿಮ್ಮ ಬೆಣ್ಣೆ ತೋರಿಸಿರಿ ಎಂದು ದಬ್ಬಣ ತೆಗೆಯುತ್ತಿದ್ದಳು. ಪ್ರಶ್ನೆ ಅಲ್ಲಿಗೆ ನಿಲ್ಲುತ್ತಿತ್ತು.

ಹದಿಮೂರನೇ ತಿಂಗಳ ರಕ್ತವೂ ಸರಿ ಬಂದ ವಾರ, ಒಂದು ಮಧ್ಯಾಹ್ನ, ಅಂಗಡಿಯಲ್ಲಿ ಗಿರಾಕಿ ಇರಲಿಲ್ಲ. ಕಾಂಚನಾ ತುಪ್ಪದ ಡಬ್ಬಿ ಒರೆಸುತ್ತಿದ್ದಳು. ಕೂದಲು ಬಂದು ಕಿವಿ ಮುಚ್ಚಿತ್ತು. ನಮ್ಮ ನಡುವಿನ ಗೋಡೆ ನಿಜಕ್ಕೂ ಪೊಳ್ಳು, ಮಾತು ನನಗೆ ಚೆನ್ನಾಗಿ ಕೇಳಿಸಿತು.

"ಅತ್ತಿ, ಅವತ್ತ ನಿಮಗ ನನ್ನ ಮ್ಯಾಲೆ ಸಂಶಯ ಇತ್ತೋ ಇಲ್ಲೋ?"

ನಾನಾಗಿದ್ದರೆ ಇರಲಿಲ್ಲ ಎನ್ನುತ್ತಿದ್ದೆ. ಅಂಥ ಸುಳ್ಳಿಗೆ ಬಜಾರದಲ್ಲಿ ಯಾರೂ ತಪ್ಪು ಹಿಡಿಯುವುದಿಲ್ಲ.

"ಇತ್ತು," ಎಂದಳು ರೇಣುಕವ್ವ. "ನಿನ್ನ ಮ್ಯಾಲಿತ್ತು, ಮಗನ ಮ್ಯಾಲಿತ್ತು, ಪಟ್ಟಿ ಮ್ಯಾಲಿತ್ತು, ಡಾಕ್ಟರ್ ಮ್ಯಾಲಿತ್ತು. ನಿನ್ನೊಬ್ಬಾಕಿ ಮ್ಯಾಲೆ ಸಂಶಯ ಇಟ್ಟು ಕುಂತಾಕಿ ನಿಮ್ಮವ್ವ."

"ನಿಮ್ಮ ಮಗಾನೂ."

"ಹೂಂ. ಅವನೂ."

ಡಬ್ಬಿ ಒರೆಸುವ ಸದ್ದು ಬಹಳ ಹೊತ್ತು ಕೇಳಿಸಿತು.

ಮರುವಾರ ಬೆಳ್ಳಟ್ಟಿಗೆ ಟೆಂಪೊ ಹೋಯಿತು. ಕೂಸು ಅಷ್ಟೊತ್ತಿಗೆ ನಡೆಯುತ್ತಿತ್ತು, ಓಡುತ್ತಿತ್ತು, ನನ್ನ ಬೆಲ್ಲದ ಮೇಲೆ ದಾಳಿ ಮಾಡುತ್ತಿತ್ತು. ತೊಟ್ಟಿಲಿಗೆ ಹಾಕಿದರೆ ಕಾಲು ಹೊರಗೆ ಬರುತ್ತಿತ್ತು. ಆದರೂ ತೊಟ್ಟಿಲು ಬಂತು. ಹಿಂದಿನ ರಸ್ತೆಯಿಂದ ಮನೆಗೆ ದಾರಿ ಸಲೀಸು. ರೇಣುಕವ್ವ ಮಗನಿಗೆ ಬಜಾರದ ನಡುವೆಯೇ ಬಾ ಎಂದಿದ್ದಳು. ತರಕಾರಿ ಗಾಡಿಗಳು ಸರಿದು ಜಾಗ ಕೊಡುವ ತನಕ ಟೆಂಪೊ ನನ್ನ ಅಂಗಡಿಯ ಮುಂದೆ ಹದಿನೈದು ನಿಮಿಷ ನಿಂತಿತು. ಮೇಲೆ ತೊಟ್ಟಿಲು, ಹೊಸ ಬಣ್ಣ ಹೊಡೆದದ್ದು. ಹಿಂದೆ ಬೆಲ್ಲ ಬೇಡದೆ ಬಂದವರೆಲ್ಲ ನೋಡಿದರು. 

ಜೊತೆಗೆ ಚನ್ನಮ್ಮ ಬಂದಿದ್ದಳು, ಮಡಿಲಲ್ಲಿ ಒಂದು ಗಡಿಗೆ ಬೆಣ್ಣೆ. ಮಗಳಿಗೆಂದು ತಾನೇ ಕಡೆದದ್ದು. ಅಂಗಡಿಯ ಕಟ್ಟೆಯ ಮೇಲೆ ಇಟ್ಟು, ಬೀಗತಿಯ ಕಡೆ ನೋಡಿದಳು. ರೇಣುಕವ್ವ ಮೊಳೆಯಿಂದ ದಬ್ಬಣ ತೆಗೆದಳು. ಬೀಗರ ಬೆಣ್ಣೆಗೂ ಚುಚ್ಚುತ್ತಾಳೆಂದು ನಾನು ಎದ್ದು ನಿಂತೆ. ಆಕೆ ಅದನ್ನು ಸೊಸೆಯ ಕೈಗೆ ಕೊಟ್ಟು, ತಾನು ಕೂಸನ್ನು ಎತ್ತಿಕೊಂಡಳು.

ಕಾಂಚನಾ ಅವ್ವನ ಮುಖ ನೋಡಿದಳು, ಬೆಣ್ಣೆ ನೋಡಿದಳು. ಬೇಡ ಎನ್ನುತ್ತಾಳೆ ಅಂದುಕೊಂಡೆವು. ದಬ್ಬಣ ಇಳಿಸಿದಳು. ಅರ್ಧಕ್ಕೆ ನಿಲ್ಲಿಸಲಿಲ್ಲ, ಗಡಿಗೆಯ ಮಣ್ಣು ಟಕ್ ಎನ್ನುವ ತನಕ ಇಳಿಸಿ, ನಿಧಾನ ಎಳೆದು, ಮೂಸಿ, ಉಗುರಿಗೆ ಸವರಿ ಬೆಳಕಿಗೆ ಹಿಡಿದಳು. ಚನ್ನಮ್ಮ ಅಷ್ಟು ಹೊತ್ತೂ ಎರಡು ಕೈ ಜೋಡಿಸಿಕೊಂಡು, ಗಡಿಗೆ ಹೊತ್ತು ತಂದ ಪರ ಊರಿನ ಹೆಂಗಸಿನ ಹಾಗೆ ನಿಂತೇ ಇದ್ದಳು.

"ಛಲೋ ಐತಿ," ಎಂದಳು ಕಾಂಚನಾ. "ಒಳಗ ಬಾ ಬೇ ಯವ್ವಾ."